ಇಳಿದು ಹತ್ತುವ ನಿಲ್ದಾಣ

ಪ್ರಯಾಣವನ್ನು ನಾವು ಸಾಮಾನ್ಯವಾಗಿ ವಾಹನದ ವೇಗದಿಂದಲೇ ಅಳೆಯುತ್ತೇವೆ. ಮೆಟ್ರೋ ಗಂಟೆಗೆ ಎಷ್ಟು ಕಿಲೋಮೀಟರ್ ಓಡುತ್ತದೆ, ಬಸ್ಸು ಎಷ್ಟು ಓಡುತ್ತದೆ ಎಂದು ಹೋಲಿಸಿ ಸುಮ್ಮನಾಗುತ್ತೇವೆ. ಆದರೆ ದೊಡ್ಡ ನಗರದಲ್ಲಿ ಮನೆಯ ಬಾಗಿಲಿನಿಂದ ಕಚೇರಿಯ ಬಾಗಿಲಿನವರೆಗೆ ಒಂದೇ ವಾಹನದಲ್ಲಿ ಹೋಗುವ ಭಾಗ್ಯ ಎಲ್ಲರಿಗೂ ಇರುವುದಿಲ್ಲ. ನಡುವೆ ಒಮ್ಮೆಯಾದರೂ ಇಳಿಯಬೇಕು, ನಡೆಯಬೇಕು, ಕಾಯಬೇಕು, ಮತ್ತೆ ಹತ್ತಬೇಕು. ಈ ನಾಲ್ಕು ಕ್ರಿಯೆಗಳು ನಡೆಯುವ ಎಡೆಯನ್ನು ಸಂಗಮ ನಿಲ್ದಾಣವೆಂದು ಕರೆಯೋಣ. ಇಂತಹ ನಿಲ್ದಾಣವನ್ನು ಎಲ್ಲಿ, ಹೇಗೆ ಕಟ್ಟಬೇಕು ಎಂಬುದರ ಹಿಂದೆ ಸರಳವಾದ ಭೌತವಿಜ್ಞಾನವೂ ಸ್ವಲ್ಪ ಗಣಿತವೂ ಅಡಗಿವೆ. ಅವನ್ನು ವಾಚಕರೊಡನೆ ಪರಿಶೀಲಿಸುವುದೇ ಈ ಲೇಖನದ ಉದ್ದೇಶ.

ಬೆಂಗಳೂರಿಗೆ ಈ ಪ್ರಶ್ನೆ ಹೊಸತಲ್ಲ. ೧೮೬೪ರಲ್ಲಿ ಜೋಲಾರಪೇಟೆಯ ಕಡೆಯಿಂದ ದಂಡುಪ್ರದೇಶದ ನಿಲ್ದಾಣಕ್ಕೆ ರೈಲು ಬಂದಿತು. ಅದು ೧.೬೭೬ ಮೀಟರ್ ಅಗಲದ ಹಳಿ. ಅನಂತರ ಮೈಸೂರಿನ ಕಡೆಗೆ ಹಾಕಿದ್ದು ೧ ಮೀಟರ್ ಅಗಲದ ಹಳಿ. ಒಂದರ ಮೇಲೆ ಓಡುವ ಗಾಡಿ ಇನ್ನೊಂದರ ಮೇಲೆ ಓಡಲಾರದಷ್ಟೆ. ಆದುದರಿಂದ ಮದರಾಸಿನಿಂದ ಮೈಸೂರಿಗೆ ಹೊರಟವರು ಹಲವು ದಶಕಗಳ ಕಾಲ ಬೆಂಗಳೂರಿನಲ್ಲಿ ಗಂಟುಮೂಟೆಗಳೊಡನೆ ಇಳಿದು ಬೇರೆ ಗಾಡಿ ಹತ್ತಬೇಕಾಗಿತ್ತು. ಮುಂದೆ ಹಳಿಗಳ ಅಗಲ ಒಂದಾಯಿತು. ಆದರೆ ಇಳಿದು ಹತ್ತುವ ಕಷ್ಟ ಬೇರೆ ರೂಪದಲ್ಲಿ ಉಳಿಯಿತು.

ರಿಚರ್ಡ್ಸ್ ಟೌನಿನ ಸುತ್ತಣ ಪ್ರದೇಶವನ್ನೇ ತೆಗೆದುಕೊಳ್ಳಿ. ಒಂದು ಕಡೆ ಬೆಂಗಳೂರು ಪೂರ್ವ ಎಂಬ ಪುಟ್ಟ ರೈಲು ನಿಲ್ದಾಣ. ಇನ್ನೊಂದು ಕಡೆ ದಂಡುಪ್ರದೇಶದ ದೊಡ್ಡ ನಿಲ್ದಾಣ. ಅದರಾಚೆ ಶಿವಾಜಿನಗರದ ಬಸ್ ನಿಲ್ದಾಣ. ಕಾಳೇನ ಅಗ್ರಹಾರದಿಂದ ನಾಗವಾರದವರೆಗಿನ ಗುಲಾಬಿ ಮೆಟ್ರೋ ಮಾರ್ಗವು ಶಿವಾಜಿನಗರ, ಕಂಟೋನ್ಮೆಂಟ್, ಪಾಟರಿ ಟೌನ್, ಟ್ಯಾನರಿ ರಸ್ತೆಗಳ ಅಡಿಯಲ್ಲಿ ಸುರಂಗದಲ್ಲಿ ಸಾಗುತ್ತದೆ. ನಕ್ಷೆಯ ಮೇಲೆ ನೋಡಿದರೆ ಎಲ್ಲವೂ ಒಂದು ಹಿಡಿಯೊಳಗೆ ಇರುವಂತೆ ತೋರುತ್ತದೆ. ಆದರೆ ಹತ್ತಿರವಿರುವುದು ಬೇರೆ, ಕೂಡಿಕೊಂಡಿರುವುದು ಬೇರೆ.

ಈ ವ್ಯತ್ಯಾಸವನ್ನು ಸಂಖ್ಯೆಗಳಿಂದ ತಿಳಿಯೋಣ. ಆರೋಗ್ಯವಂತನಾದ ವಯಸ್ಕನು ಸಮತಟ್ಟಾದ ನೆಲದ ಮೇಲೆ ಸೆಕೆಂಡಿಗೆ ಸುಮಾರು ೧.೨೫ ಮೀಟರ್ ನಡೆಯುತ್ತಾನೆ. ಎರಡು ನಿಲ್ದಾಣಗಳ ನಡುವೆ ೪೦೦ ಮೀಟರ್ ಇದ್ದರೆ ಅವನಿಗೆ ೩೨೦ ಸೆಕೆಂಡು ಸಾಕು. ಕೈಯಲ್ಲಿ ಪೆಟ್ಟಿಗೆ, ಕಂಕುಳಲ್ಲಿ ಮಗು ಇರುವ ತಾಯಿಯ ವೇಗ ಸೆಕೆಂಡಿಗೆ ೦.೮ ಮೀಟರ್ ಎಂದು ಇಟ್ಟುಕೊಂಡರೆ ಅದೇ ದೂರಕ್ಕೆ ೫೦೦ ಸೆಕೆಂಡು, ಅಂದರೆ ೮ ನಿಮಿಷಕ್ಕೂ ಹೆಚ್ಚು ಬೇಕು. ಇಷ್ಟೇ ಅಲ್ಲ. ನಡೆಯುವ ಮತ್ತು ಕಾಯುವ ಒಂದು ನಿಮಿಷವು ಗಾಡಿಯಲ್ಲಿ ಕುಳಿತ ಸುಮಾರು ಎರಡು ನಿಮಿಷಗಳಷ್ಟು ದೀರ್ಘವಾಗಿ ಪ್ರಯಾಣಿಕನಿಗೆ ಭಾಸವಾಗುತ್ತದೆಂದು ಸಾರಿಗೆ ತಜ್ಞರು ಬಹುಕಾಲದಿಂದ ಲೆಕ್ಕ ಹಾಕುತ್ತ ಬಂದಿದ್ದಾರೆ. ಹಾಗಾದರೆ ಆ ತಾಯಿಯ ಮಟ್ಟಿಗೆ ೪೦೦ ಮೀಟರಿನ ಬೆಲೆ ೧೬ ನಿಮಿಷಗಳಿಗಿಂತ ಕಡಿಮೆಯಲ್ಲ!

ಅಡ್ಡದೂರಕ್ಕಿಂತಲೂ ಎತ್ತರವು ಕಠಿಣ. ಹಳಿಗಳನ್ನು ದಾಟುವ ಪಾದಚಾರಿ ಸೇತುವೆ ೬ ಮೀಟರ್ ಎತ್ತರವಿದೆಯೆಂದು ಭಾವಿಸಿ. ೬೦ ಕಿಲೋಗ್ರಾಂ ತೂಕದವನು ೨೦ ಕಿಲೋಗ್ರಾಂ ಹೊರೆಯೊಡನೆ ಅದನ್ನು ಹತ್ತುವಾಗ ಗುರುತ್ವಾಕರ್ಷಣೆಯ ವಿರುದ್ಧ ಸುಮಾರು ೪,೭೦೦ ಜೂಲ್‌ಗಳಷ್ಟು ಕೆಲಸ ಮಾಡುತ್ತಾನೆ. ಆಚೆ ಬದಿಯಲ್ಲಿ ಇಳಿಯುವಾಗ ಈ ಶಕ್ತಿ ಅವನಿಗೆ ಮರಳಿ ಬರುವುದಿಲ್ಲ. ಮೊಣಕಾಲುಗಳಿಗೆ ಮತ್ತೊಂದು ಶ್ರಮವಾಗಿ ಪರಿಣಮಿಸುತ್ತದೆ. ಗಾಲಿಕುರ್ಚಿಗಾಗಿ ಇಳಿಜಾರು ಕಟ್ಟೋಣವೆಂದರೆ, ೧೨ ಅಡಿಗೆ ೧ ಅಡಿ ಏರುವ ಇಳಿಜಾರೇ ಸಾಮಾನ್ಯವಾದ ಮಿತಿ. ೬ ಮೀಟರ್ ಏರಲು ೭೨ ಮೀಟರ್ ಉದ್ದದ ಇಳಿಜಾರು ಬೇಕಾಯಿತು. ನಡುನಡುವೆ ನಿಂತು ವಿಶ್ರಮಿಸುವ ಸಮತಟ್ಟು ಬೇರೆ. ಆದುದರಿಂದ ಇಂತಹ ಕಡೆಗಳಲ್ಲಿ ಲಿಫ್ಟ್ ಒಂದು ಅಲಂಕಾರವಲ್ಲ, ಅವಶ್ಯಕತೆ.

ಇನ್ನು ಜನಪ್ರವಾಹದ ವಿಷಯ. ನೀರಿನ ಕೊಳವೆಯಲ್ಲಿ ಅತ್ಯಂತ ಕಿರಿದಾದ ಭಾಗವೇ ಒಟ್ಟು ಹರಿವನ್ನು ನಿರ್ಧರಿಸುತ್ತದೆ. ನಿಲ್ದಾಣದಲ್ಲಿಯೂ ಹಾಗೆಯೇ. ಹಜಾರ ಎಷ್ಟೇ ವಿಶಾಲವಾಗಿರಲಿ, ಮೆಟ್ಟಿಲು ಕಿರಿದಾಗಿದ್ದರೆ ಅದೇ ಯಜಮಾನ. ನೂಕುನುಗ್ಗಲಿನ ಹೊತ್ತಿನಲ್ಲಿ ಮೆಟ್ಟಿಲಿನ ಪ್ರತಿ ಮೀಟರ್ ಅಗಲದಲ್ಲಿ ಸೆಕೆಂಡಿಗೆ ಹೆಚ್ಚೆಂದರೆ ಸುಮಾರು ಒಬ್ಬನು ಮೇಲೇರಬಲ್ಲನು. ಒಂದು ರೈಲಿನಿಂದ ೬೦೦ ಜನ ಇಳಿದರೆಂದೂ ಮೆಟ್ಟಿಲಿನ ಅಗಲ ೨ ಮೀಟರ್ ಎಂದೂ ಇಟ್ಟುಕೊಳ್ಳಿ. ಎಲ್ಲರೂ ಮೇಲೇರಲು ೩೦೦ ಸೆಕೆಂಡು, ಅಂದರೆ ೫ ನಿಮಿಷ ಬೇಕು. ಮುಂದಿನ ರೈಲು ೪ ನಿಮಿಷಕ್ಕೇ ಬಂದರೆ? ಹಳೆಯ ಗುಂಪಿನಲ್ಲಿ ೧೨೦ ಜನ ಇನ್ನೂ ಕೆಳಗಿರುವಾಗಲೇ ಹೊಸ ೬೦೦ ಜನ ಸೇರುತ್ತಾರೆ. ಮೂರನೆಯ ರೈಲಿಗೆ ಈ ಶೇಷವು ೨೪೦ ಆಗುತ್ತದೆ. ಹೀಗೆ ಪ್ಲಾಟ್‌ಫಾರಂ ತುಂಬುತ್ತ ಹೋಗಿ ಅಪಾಯದ ಅಂಚಿಗೆ ಬರುತ್ತದೆ. ಮೆಟ್ಟಿಲು ಕೇವಲ ಅರ್ಧ ಮೀಟರ್ ಹೆಚ್ಚು ಅಗಲವಿದ್ದಿದ್ದರೆ ೨೪೦ ಸೆಕೆಂಡಿನಲ್ಲಿ ಎಲ್ಲರೂ ತೆರವಾಗುತ್ತಿದ್ದರು. ನಕ್ಷೆಯಲ್ಲಿ ಒಂದು ಗೆರೆಯನ್ನು ಸ್ವಲ್ಪ ಸರಿಸುವುದು ಸುಲಭ. ಕಾಂಕ್ರೀಟ್ ಗಟ್ಟಿಯಾದ ಮೇಲೆ ಅದು ಸುಲಭವಲ್ಲ.

ಇದು ಸೌಕರ್ಯದ ಪ್ರಶ್ನೆ ಮಾತ್ರವಲ್ಲ. ೧೯೮೭ರ ನವೆಂಬರಿನಲ್ಲಿ ಲಂಡನ್ನಿನ ಕಿಂಗ್ಸ್ ಕ್ರಾಸ್ ಸಂಗಮ ನಿಲ್ದಾಣದಲ್ಲಿ ಮರದ ಚಲಿಸುವ ಮೆಟ್ಟಿಲಿಗೆ ಹತ್ತಿದ ಬೆಂಕಿಯಲ್ಲಿ ೩೧ ಜನ ಮಡಿದರು. ಅಮೆರಿಕದ ಎನ್.ಎಫ್.ಪಿ.ಎ. ೧೩೦ ಎಂಬ ಅಗ್ನಿಸುರಕ್ಷಾ ಸಂಹಿತೆಯು, ಪ್ಲಾಟ್‌ಫಾರಂ ೪ ನಿಮಿಷಗಳಲ್ಲಿ ತೆರವಾಗಬೇಕು, ೬ ನಿಮಿಷಗಳೊಳಗೆ ಎಲ್ಲರೂ ಸುರಕ್ಷಿತ ಸ್ಥಳವನ್ನು ಸೇರಬೇಕು ಎಂಬ ಅಳತೆಯನ್ನು ಇಡುತ್ತದೆ. ಮೆಟ್ಟಿಲುಗಳ ಅಗಲವನ್ನು ಇಂತಹ ಗಡುವಿನಿಂದ ಹಿಂದಕ್ಕೆ ಲೆಕ್ಕ ಹಾಕಿ ನಿರ್ಧರಿಸುವುದು ಜಾಣತನ.

ಕಾಯುವಿಕೆಯಲ್ಲಿಯೂ ಒಂದು ವಿಚಿತ್ರವಿದೆ. ೧೦ ನಿಮಿಷಕ್ಕೊಂದು ಬಸ್ಸು ಕ್ರಮವಾಗಿ ಬಂದರೆ, ಯಾವಾಗಲೋ ಬಂದು ನಿಂತವನು ಸರಾಸರಿ ೫ ನಿಮಿಷ ಕಾಯುತ್ತಾನೆ. ಅಷ್ಟೇ ಬಸ್ಸುಗಳು ಜೋಡಿಜೋಡಿಯಾಗಿ, ೨ ನಿಮಿಷ ಮತ್ತು ೧೮ ನಿಮಿಷಗಳ ಅಂತರದಲ್ಲಿ ಬಂದರೆ? ಬಸ್ಸುಗಳ ಸಂಖ್ಯೆ ಬದಲಾಗಿಲ್ಲ. ಆದರೆ ಹತ್ತರಲ್ಲಿ ಒಂಬತ್ತು ಜನ ಉದ್ದದ ಬಿಡುವಿನಲ್ಲಿಯೇ ಸಿಕ್ಕಿಬಿದ್ದು ಸರಾಸರಿ ೯ ನಿಮಿಷ ಕಾಯುತ್ತಾರೆ. ಒಬ್ಬನು ಮಾತ್ರ ಸರಾಸರಿ ೧ ನಿಮಿಷ ಕಾಯುತ್ತಾನೆ. ಒಟ್ಟು ಸರಾಸರಿ ೮.೨ ನಿಮಿಷ! ‘ಬಂದರೆ ಎರಡು ಬಸ್ಸು, ಇಲ್ಲದಿದ್ದರೆ ಒಂದೂ ಇಲ್ಲ’ ಎಂಬ ಜನರ ಗೊಣಗಾಟಕ್ಕೆ ಹೀಗೆ ಗಣಿತದ ಸಮರ್ಥನೆಯಿದೆ. ಶಿವಾಜಿನಗರದಂತಹ ಕಡೆ ಬಸ್ಸುಗಳ ಸಂಖ್ಯೆಯಷ್ಟೇ ಮುಖ್ಯವಾದುದು ಅವುಗಳ ಕ್ರಮ.

ಬಾಗಿಲ ಮುಂದಿನ ನೆಲವನ್ನು ಯಾರಿಗೆ ಕೊಡಬೇಕು? ೫ ನಿಮಿಷಕ್ಕೊಂದರಂತೆ ಬಸ್ಸು ಬಂದು ೩೦ ಜನರನ್ನು ಇಳಿಸುವ ಒಂದು ತಂಗುದಾಣವು ಗಂಟೆಗೆ ೩೬೦ ಜನರಿಗೆ ಉಪಯೋಗವಾಗುತ್ತದೆ. ಅದೇ ಜಾಗದಲ್ಲಿ ಬೆಳಗಿನಿಂದ ಸಂಜೆಯವರೆಗೆ ನಿಂತ ಮೂರು ನಾಲ್ಕು ಕಾರುಗಳು ದಿನಕ್ಕೆ ಹತ್ತು ಜನರಿಗೂ ಉಪಯೋಗವಾಗಲಾರವು. ಆದುದರಿಂದ ನಡೆಯುವವರು ಮೊದಲು, ಬಸ್ಸು ಅನಂತರ, ಆಟೋ ಮತ್ತು ಸೈಕಲ್ ಆಮೇಲೆ, ಕಾರು ಕೊನೆಗೆ ಎಂಬುದು ನ್ಯಾಯವೂ ಹೌದು, ಲೆಕ್ಕವೂ ಹೌದು.

ಈಗ ನಮ್ಮ ನಗರದ ನಿದರ್ಶನಗಳತ್ತ ತಿರುಗೋಣ. ಮೆಜೆಸ್ಟಿಕ್ಕಿನಲ್ಲಿ ೨೦೧೭ರ ಜೂನ್‌ನಿಂದ ನೇರಳೆ ಮತ್ತು ಹಸಿರು ಮೆಟ್ರೋ ಮಾರ್ಗಗಳು ಒಂದರ ಕೆಳಗೊಂದು ಹಾಯುತ್ತವೆ; ಛಾವಣಿಯ ಹೊರಗೆ ಬಾರದೆ ಮಾರ್ಗ ಬದಲಿಸಬಹುದು. ಹಾಂಗ್‌ಕಾಂಗಿನ ಮಾಂಗ್ ಕಾಕ್, ಪ್ರಿನ್ಸ್ ಎಡ್ವರ್ಡ್ ನಿಲ್ದಾಣಗಳಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಒಂದೇ ಪ್ಲಾಟ್‌ಫಾರಮಿನ ಎರಡು ಬದಿಗಳಲ್ಲಿ ಎರಡು ಮಾರ್ಗಗಳ ಗಾಡಿಗಳು ನಿಲ್ಲುವಂತೆ ಮಾಡಿದ್ದಾರೆ. ಅಲ್ಲಿ ಮಾರ್ಗ ಬದಲಿಸುವುದೆಂದರೆ ಕೆಲವೇ ಹೆಜ್ಜೆ. ಬೈಯಪ್ಪನಹಳ್ಳಿಯ ಕಥೆ ಬೇರೆ. ಅಲ್ಲಿಗೆ ಮೆಟ್ರೋ ಬಂದದ್ದು ೨೦೧೧ರಲ್ಲಿ; ಸರ್ ಎಂ. ವಿಶ್ವೇಶ್ವರಯ್ಯ ಟರ್ಮಿನಲ್ಲಿನಿಂದ ರೈಲುಗಳು ಹೊರಡತೊಡಗಿದ್ದು ೨೦೨೨ರಲ್ಲಿ. ಎರಡಕ್ಕೂ ಬೈಯಪ್ಪನಹಳ್ಳಿಯ ಹೆಸರೇ ಅಂಟಿಕೊಂಡಿದ್ದರೂ ನಡುವೆ ಒಂದು ಕಿಲೋಮೀಟರಿಗೂ ಹೆಚ್ಚು ದೂರವಿದೆ. ಹೊರೆ ಹೊತ್ತವರಿಗೆ ಅದು ೨೦ ನಿಮಿಷಕ್ಕೂ ಮೀರಿದ ನಡಿಗೆ. ಹೆಸರು ಒಂದಾದ ಮಾತ್ರಕ್ಕೆ ನಿಲ್ದಾಣ ಒಂದಾಗದು.

ದಂಡುಪ್ರದೇಶದಲ್ಲಿ ಇದೇ ಪ್ರಶ್ನೆ ವಿವಾದವಾಯಿತು. ಗುಲಾಬಿ ಮಾರ್ಗದ ಮೆಟ್ರೋ ನಿಲ್ದಾಣವನ್ನು ರೈಲು ನಿಲ್ದಾಣದ ಮಗ್ಗುಲಲ್ಲಿಯೇ ಕಟ್ಟುವುದೆಂದು ಮೊದಲ ಯೋಜನೆಯಲ್ಲಿತ್ತು. ಅನಂತರ ಅದನ್ನು ಬಂಬೂ ಬಜಾರಿನ ಕಡೆಗೆ ಸರಿಸಲು ನಿಗಮವು ಮುಂದಾದಾಗ, ೨೦೧೭ರ ಸುಮಾರಿಗೆ, ನಾಗರಿಕರು ಬಲವಾಗಿ ಆಕ್ಷೇಪಿಸಿದರು. ಸುರಂಗ ತೋಡುವವನ ಕಷ್ಟವೂ ನಿಜವಾದುದೇ. ಸುರಂಗದ ತಿರುವು, ಉದ್ದ, ಮೇಲಿನ ನೆಲದ ಒಡೆತನ, ವೆಚ್ಚ ಎಲ್ಲವನ್ನೂ ಅವನು ತೂಗಬೇಕು. ಆದರೆ ತಕ್ಕಡಿಯ ಇನ್ನೊಂದು ತಟ್ಟೆಯಲ್ಲಿ ಇಡಬೇಕಾದದ್ದು ಹಲವರಿಗೆ ಕಾಣುವುದಿಲ್ಲ. ದಿನಕ್ಕೆ ೧೦,೦೦೦ ಜನ ಅಲ್ಲಿ ಗಾಡಿ ಬದಲಿಸುವರೆಂದೂ ಪ್ರತಿಯೊಬ್ಬನಿಗೂ ೩ ನಿಮಿಷ ಹೆಚ್ಚು ತಗಲುವುದೆಂದೂ ಊಹಿಸಿದರೆ, ದಿನಕ್ಕೆ ೫೦೦ ಗಂಟೆಗಳು ವ್ಯಯವಾದವು. ಕಟ್ಟುವ ವೆಚ್ಚವನ್ನು ಒಮ್ಮೆ ಕೊಟ್ಟರೆ ಮುಗಿಯಿತು. ನಡೆಯುವ ವೆಚ್ಚವನ್ನು ನಿಲ್ದಾಣ ಇರುವವರೆಗೂ, ಪ್ರತಿದಿನವೂ, ಅದರಲ್ಲಿಯೂ ಶಕ್ತಿ ಕಡಿಮೆಯಿರುವವರೇ ಹೆಚ್ಚಾಗಿ ಕೊಡುತ್ತಿರಬೇಕು.

ದೂರವನ್ನು ಇನ್ನು ಕಡಿಮೆ ಮಾಡಲಾಗದಿದ್ದರೂ ಅದರ ಭಾರವನ್ನು ಇಳಿಸಬಹುದು. ಮಳೆ ಬಿಸಿಲು ತಾಗದ ಮಾಡು, ಚರಂಡಿಯ ಕಲ್ಲು ಎದ್ದಿರದ ಸಮತಟ್ಟಾದ ಕಾಲುದಾರಿ, ಕಣ್ಣಿಲ್ಲದವರ ಕೋಲಿಗೆ ತಿಳಿಯುವ ಉಬ್ಬುಗಲ್ಲು, ರಾತ್ರಿ ಬೆಳಕು, ಮುಂದಿನ ಬಾಗಿಲು ಯಾವ ಕಡೆಗಿದೆ ಎಂದು ಕನ್ನಡದಲ್ಲಿ ಸ್ಪಷ್ಟವಾಗಿ ಬರೆದ ಫಲಕ, ಒಂದೇ ಟಿಕೆಟ್, ಹೊಂದಿಕೊಂಡ ವೇಳಾಪಟ್ಟಿ—ಇವು ಸುರಂಗದಷ್ಟು ದುಬಾರಿಯಲ್ಲ. ೨೦೨೦ರಲ್ಲಿ ಮಂಜೂರಾದ ೧೪೮ ಕಿಲೋಮೀಟರುಗಳ ಉಪನಗರ ರೈಲು ಯೋಜನೆಯಲ್ಲಿ ಕೆಂಗೇರಿಯಿಂದ ವೈಟ್‌ಫೀಲ್ಡಿಗೆ ಹೋಗುವ ಮಾರ್ಗವೂ ದಂಡುಪ್ರದೇಶವನ್ನು ಹಾದುಹೋಗಬೇಕಾಗಿದೆ. ಆದುದರಿಂದ ಇಳಿದು ಹತ್ತುವವರ ಸಂಖ್ಯೆ ಮುಂದೆ ಹೆಚ್ಚಲಿದೆಯೇ ಹೊರತು ಕಡಿಮೆಯಾಗದು.

ವಾಚಕರು ಮುಂದಿನ ಸಲ ಗಾಡಿ ಬದಲಿಸುವಾಗ ಕೈಗಡಿಯಾರವನ್ನು ನೋಡಿಕೊಂಡು ಮೆಟ್ಟಿಲುಗಳನ್ನು ಎಣಿಸಲಿ. ಇಳಿದ ಕ್ಷಣದಿಂದ ಮತ್ತೆ ಹತ್ತಿದ ಕ್ಷಣದವರೆಗೆ ಎಷ್ಟು ನಿಮಿಷ, ಎಷ್ಟು ಮೆಟ್ಟಿಲು ಎಂಬುದನ್ನು ಬರೆದಿಡಲಿ. ನಿಲ್ದಾಣ ಚೆನ್ನಾಗಿದೆಯೆ ಇಲ್ಲವೆ ಎಂಬ ವಾದದಲ್ಲಿ ಆ ಎರಡು ಸಂಖ್ಯೆಗಳು ಮುಂಭಾಗದ ಅಮೃತಶಿಲೆಗಿಂತ ಹೆಚ್ಚು ಸತ್ಯವನ್ನು ನುಡಿಯುತ್ತವೆ.