ಆ ಡಿಎಲ್‌ಎಲ್ ಫೈಲ್ ಎಲ್ಲಿ ಹೋಯ್ತು?

ಹೊಸ ಸಾಫ್ಟ್‌ವೇರ್ ಹಾಕಿ ಡಬಲ್ ಕ್ಲಿಕ್ ಮಾಡ್ತೀರಿ. ತೆರ್ಕೊಳ್ಳೋ ಬದಲು ಒಂದು ಚಿಕ್ಕ ಪೆಟ್ಟಿಗೆ ಬರುತ್ತೆ: ‘ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ.’

ಡಿಎಲ್‌ಎಲ್ ಅಂದ್ರೆ ಡೈನಾಮಿಕ್ ಲಿಂಕ್ ಲೈಬ್ರರಿ. ಮದುವೆ ಅಡುಗೆಗೆ ಬೇಕಾದ ದೊಡ್ಡ ಪಾತ್ರೆಗಳನ್ನ ಪ್ರತಿ ಮನೆಯವರೂ ಕೊಳ್ಳಲ್ಲ. ಊರ ದೇವಸ್ಥಾನದಲ್ಲಿ ಇರೋದನ್ನೇ ತರ್ತಾರೆ, ಅಲ್ವಾ? ಹಾಗೇ ಇದು. ಹಲವು ಪ್ರೋಗ್ರಾಂಗಳಿಗೆ ಬೇಕಾಗೋ ಕೋಡನ್ನ ಒಂದೇ ಕಡೆ ಇಟ್ಟಿರ್ತಾರೆ, ಬೇಕಾದಾಗ ಎಲ್ಲವೂ ಅದನ್ನೇ ಬಳಸುತ್ತವೆ. ಡಿಸ್ಕಲ್ಲೂ ಮೆಮೊರಿಯಲ್ಲೂ ಜಾಗ ಉಳಿಯುತ್ತೆ. ಲಿನಕ್ಸ್‌ನಲ್ಲಿ ಇದೇ ಕೆಲಸಕ್ಕೆ ಎಸ್‌ಒ ಫೈಲ್‌ಗಳಿವೆ.

ಈಗ ಮುಖ್ಯ ವಿಷಯ. ದಯವಿಟ್ಟು ಆ ಹೆಸರು ಹುಡುಕಿ, ಸಿಕ್ಕ ಸಿಕ್ಕ ಸೈಟಿಂದ ಫೈಲ್ ಇಳಿಸ್ಕೋಬೇಡಿ. ಹೆಸರು ಅದೇ ಇದ್ರೂ ಒಳಗೆ ವೈರಸ್ ಇರಬಹುದು. ಪ್ರೋಗ್ರಾಂ ಅದನ್ನ ನಂಬಿ ಒಳಗೆ ಬಿಟ್ಕೊಂಡ್ರೆ, ಪ್ರೋಗ್ರಾಂಗೆ ಇರೋ ಅಧಿಕಾರವೆಲ್ಲ ಅದಕ್ಕೂ ಸಿಗುತ್ತೆ.

ಅಸಲಿ ಫೈಲ್ ಬರೋದು ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಪ್ಯಾಕೇಜ್ ಜೊತೆ. ಮೈಕ್ರೋಸಾಫ್ಟ್ ಸೈಟಲ್ಲೇ ಉಚಿತವಾಗಿ ಸಿಗುತ್ತೆ. ಒಂದು ನೆನಪಿರಲಿ: ನಿಮ್ಮ ವಿಂಡೋಸ್ 64 ಬಿಟ್ ಆಗಿದ್ರೂ, 32 ಬಿಟ್ ಪ್ರೋಗ್ರಾಂಗೆ 32 ಬಿಟ್ ಡಿಎಲ್‌ಎಲ್ಲೇ ಬೇಕು. ಹಾಗಾಗಿ ಎಕ್ಸ್64 (64 ಬಿಟ್), ಎಕ್ಸ್86 (32 ಬಿಟ್) ಎರಡನ್ನೂ ಹಾಕಿ, ರೀಸ್ಟಾರ್ಟ್ ಮಾಡಿ, ಆಮೇಲೆ ಮತ್ತೆ ಕ್ಲಿಕ್ ಮಾಡಿ ನೋಡಿ.