ಒಲೆಯ ಹಿಂದಿನ ತಾಮ್ರದ ಗೋಡೆ

ಕಳೆದ ಶ್ರಾವಣಮಾಸದಲ್ಲಿ ದಾವಣಗೆರೆಯ ಸದ್ಭಕ್ತರೊಬ್ಬರ ಮನೆಗೆ ಪ್ರಸಾದಕ್ಕೆಂದು ಹೋಗಿದ್ದೆವು. ಲಿಂಗಪೂಜೆ ಮುಗಿದ ಮೇಲೆ ಮನೆಯ ಹಿರಿಯ ತಾಯಿ ಒಂದು ವ್ಯಾಜ್ಯವನ್ನು ನಮ್ಮ ಮುಂದಿಟ್ಟರು. ಅಡುಗೆಮನೆಯ ಗೋಡೆಗೆ ಹೊದಿಸಲೆಂದು ಮಗನು ತಾಮ್ರದ ಬಿಲ್ಲೆಗಳ ಪೆಟ್ಟಿಗೆಗಳನ್ನು ತಂದಿರಿಸಿದ್ದನು. "ಅಯ್ಯನವರೇ, ಇದರ ಹೊಳಪು ಎಷ್ಟು ದಿನ ಇದ್ದೀತು? ಆಮೇಲೆ ತಿಕ್ಕುವವರು ನಾನು, ನನ್ನ ಸೊಸೆ ತಾನೆ?" ಎಂದು ಆ ತಾಯಿ ಕೇಳಿದರು. ತಾಮ್ರವು ಶುದ್ಧವಾದ ಲೋಹ, ಮಠಗಳಲ್ಲೆಲ್ಲ ಬಳಸುತ್ತಾರೆ, ಮನೆಗೇಕೆ ಬೇಡ ಎಂಬುದು ಮಗನ ವಾದ. ಸೊಸೆ ಏನೊಂದನ್ನೂ ಹೇಳದೆ ಎಡೆ ಹಾಕುತ್ತಿದ್ದಳು.

ಬಾಲ್ಯದಲ್ಲಿ ಮಠದಲ್ಲಿದ್ದು ಓದುವಾಗ ದಾಸೋಹದ ತಾಮ್ರದ ಹಂಡೆಗಳನ್ನು ತಿಕ್ಕಿದ ಕೈ ನಮ್ಮದು. ಹುಣಸೆಹಣ್ಣು ಉಪ್ಪು ಹಚ್ಚಿ ಬೆಳಗಿದ ಹಂಡೆ ಬೆಳಿಗ್ಗೆ ಚಿನ್ನದಂತೆ ಹೊಳೆಯುವುದು. ನಾಲ್ಕು ದಿನ ಕಳೆಯುವಷ್ಟರಲ್ಲಿ ಮಂಕಾಗುವುದು. ಗಾಳಿಯು ತಾಗಿ ತಾಮ್ರ ಕಂದುವುದು ಅದರ ಸ್ವಭಾವ. ತೊಳೆದ ಮೇಲೆ ಹುಳಿ ಉಪ್ಪುಗಳ ಅಂಶ ಉಳಿದರೆ ಹಸಿರು ಕಿಲುಬು ಕಟ್ಟುವುದು. ಆದ್ದರಿಂದ ತಿಕ್ಕುವುದಕ್ಕಿಂತಲೂ ನೀರಿನಲ್ಲಿ ಚೆನ್ನಾಗಿ ತೊಳೆದು ಒಣಬಟ್ಟೆಯಿಂದ ಒರೆಸುವುದೇ ಮುಖ್ಯವೆಂದು ನಮ್ಮ ಹಿರಿಯರು ಗದರಿ ಗದರಿ ಕಲಿಸಿದ್ದರು. ಆ ತಾಯಿಯ ಪ್ರಶ್ನೆಯ ಭಾರ ನಮಗೆ ಕೂಡಲೇ ತಿಳಿಯಿತು.

ಹಾಗೆಂದು ಮಗನ ಮಾತು ಪೂರ್ಣ ಹುಸಿಯೂ ಅಲ್ಲ. ತಾಮ್ರದ ಮೇಲೆ ಅನೇಕ ರೋಗಾಣುಗಳು ಬಹುಕಾಲ ಬದುಕಲಾರವು. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯು 2008ರಲ್ಲಿ ತಾಮ್ರದ ಮಿಶ್ರಲೋಹಗಳನ್ನು ರೋಗಾಣುನಾಶಕವೆಂದು ನೋಂದಾಯಿಸಿತು. ಆದರೆ ಈ ಗುಣ ಬರಿಯ ಲೋಹದ್ದು. ಮೇಲೆ ಒಗ್ಗರಣೆಯ ಜಿಡ್ಡು ಕುಳಿತರೆ, ಇಲ್ಲವೆ ಹೊಳಪು ಉಳಿಯಲೆಂದು ಪಾರದರ್ಶಕ ವಾರ್ನಿಷ್ ಬಳಿದರೆ, ರೋಗಾಣುವಿಗೆ ತಾಮ್ರ ತಾಗುವುದೇ ಇಲ್ಲ. ಹೊಳಪೂ ಬೇಕು, ಆ ಗುಣವೂ ಬೇಕು, ತಿಕ್ಕುವ ಕೆಲಸ ಮಾತ್ರ ಬೇಡ ಎಂದರೆ ಆಗದು. ವಾರ್ನಿಷ್ ಬಳಿದ ಬಿಲ್ಲೆಗೆ ಹುಣಸೆಹಣ್ಣು, ಬೂದಿ, ನಾರು ಯಾವುದೂ ಸಲ್ಲದು. ಮೆತ್ತನೆಯ ಒದ್ದೆಬಟ್ಟೆಯಿಂದ ಒರೆಸಬೇಕು. ಒಲೆಯ ಕಾವಿಗೆ ಅದು ಅಲ್ಲಲ್ಲಿ ಎದ್ದರೆ ಕಲೆಕಲೆಯಾಗಿ ಕಾಣುವುದು. ಆಗ ಪೂರ್ತಿ ತೆಗೆದು ಮತ್ತೆ ಬಳಿಯಬೇಕಾಗುವುದು. ಬರಿಯ ತಾಮ್ರವನ್ನೇ ಬಿಟ್ಟು ಅದರ ಕಂದುಬಣ್ಣವನ್ನು ಒಪ್ಪಿಕೊಳ್ಳುವುದು ನಮ್ಮ ಮನಸ್ಸಿಗೆ ಹೆಚ್ಚು ಹಿಡಿಸುತ್ತದೆ.

ಇನ್ನು ಕೂರಿಸುವ ಕೆಲಸ. ಮೊದಲು ಗೋಡೆ ಒಣಗಿರಬೇಕು, ಮಟ್ಟವಾಗಿರಬೇಕು. ಹಿಂದೆ ನೀರಿನ ಕೊಳವೆ ಒಸರುತ್ತಿದ್ದರೆ ಅದನ್ನು ಸರಿಪಡಿಸದೆ ಮುಂದುವರಿಯಬಾರದು. ಅರ್ಧ ಮಿಲಿಮೀಟರ್ ದಪ್ಪದ ತಗಡು ಒಂದು ಚದರ ಮೀಟರಿಗೆ ಸುಮಾರು ನಾಲ್ಕೂವರೆ ಕಿಲೋ ತೂಗುತ್ತದೆ. ಜಿಡ್ಡು ಹಿಡಿದ ಹಳೆಯ ಬಣ್ಣದ ಮೇಲೆ ಅಂಟಿಸಿದರೆ ಬಣ್ಣದ ಸಮೇತ ಕಳಚಿ ಬೀಳುವುದು. ಬಣ್ಣವನ್ನು ಕೆರೆದು, ಕಾವು ತಡೆಯುವ ಅಂಟನ್ನೇ ಬಳಸಬೇಕು. ತಾಮ್ರವು ಗಾರೆಗಿಂತ ಹೆಚ್ಚು ಹಿಗ್ಗುತ್ತದೆ: ಕಾವು ಮೂವತ್ತು ಡಿಗ್ರಿ ಏರಿದರೆ ಒಂದು ಮೀಟರ್ ಉದ್ದದ ತಗಡು ಸುಮಾರು ಅರ್ಧ ಮಿಲಿಮೀಟರ್ ಬೆಳೆಯುವುದು. ಬಿಲ್ಲೆಗಳ ನಡುವೆ ಕೂದಲೆಳೆಯಷ್ಟು ಸಂದು ಬಿಡದಿದ್ದರೆ ಅವು ಉಬ್ಬಿಕೊಳ್ಳುವುವು. ಒಲೆಯ ನಡುಮಧ್ಯಕ್ಕೆ ನೇರವಾಗಿ ಗೆರೆ ಹಾಕಿಕೊಂಡು ಅಲ್ಲಿಂದ ಎರಡು ಕಡೆಗೂ ಜೋಡಿಸಿದರೆ ತುಂಡುಗಳು ಅಂಚಿಗೆ ಹೋಗುತ್ತವೆ. ಸುತ್ತಿಗೆ ಬೇಡ, ಬಟ್ಟೆ ಸುತ್ತಿದ ಮರದ ತುಂಡಿನಿಂದ ಒತ್ತಬೇಕು. ಮೊಳೆ ಬೇಕಾದರೆ ತಾಮ್ರದ್ದು ಅಥವಾ ಹಿತ್ತಾಳೆಯದು. ಕಬ್ಬಿಣದ ಮೊಳೆ ತಾಮ್ರಕ್ಕೆ ತಾಗಿ ತೇವ ಸೇರಿದರೆ ಬೇಗ ತುಕ್ಕು ಹಿಡಿಯುವುದು.

ಎಲ್ಲಕ್ಕಿಂತ ಎಚ್ಚರ ಬೇಕಾದದ್ದು ವಿದ್ಯುತ್ತಿನ ವಿಷಯದಲ್ಲಿ. ತಾಮ್ರವು ತಂತಿಯ ಲೋಹವೆಂಬುದನ್ನು ಮರೆಯಲಾಗದು. ಮಿಕ್ಸರಿನ ಸಾಕೆಟ್ಟು ಅದೇ ಗೋಡೆಯಲ್ಲಿದ್ದರೆ, ಬಿಲ್ಲೆಯ ಅಂಚು ಒಳಗಿನ ತಂತಿಗೆ ತಾಗಿ ಇಡೀ ಗೋಡೆಗೇ ವಿದ್ಯುತ್ತು ಹರಿಯಬಹುದು. ಮೇನ್ ಸ್ವಿಚ್ಚನ್ನು ಆರಿಸಿ, ಬಲ್ಲ ವಿದ್ಯುತ್ ಕೆಲಸಗಾರನನ್ನು ಕರೆಸಿ, ಸಾಕೆಟ್ಟನ್ನು ದೂರ ಸರಿಸುವುದೇ ಲೇಸು. ಒದ್ದೆಗೈಯಲ್ಲಿ ನಿಂತು ಅಡುಗೆ ಮಾಡುವವರ ಪ್ರಾಣದ ಮಾತು ಇದು.

ಇಷ್ಟನ್ನೂ ಆ ಮನೆಯಲ್ಲಿ ಹೇಳಿ, ಎಷ್ಟು ತಂದಿದ್ದೀಯಪ್ಪಾ ಎಂದು ಮಗನನ್ನು ಕೇಳಿದೆವು. ಅರವತ್ತು ಚದರ ಅಡಿ ಎಂದನು. ಲೆಕ್ಕ ಹಾಕಿದರೆ ಇಪ್ಪತ್ತೈದು ಕಿಲೋ ತಾಮ್ರ! ಎಣ್ಣೆ ಸಿಡಿಯುವುದು ಒಲೆಯ ಹಿಂದಿನ ಮೂರಡಿ ಅಗಲದಲ್ಲಿ ಮಾತ್ರ. ಗಂಡ ಮಾರಯ್ಯನು ಹೆಚ್ಚಾಗಿ ತಂದ ಅಕ್ಕಿಯನ್ನು ಹಿಂದಕ್ಕೆ ಸುರಿದು ಬರಲು ಕಳುಹಿದ ಆಯ್ದಕ್ಕಿ ಲಕ್ಕಮ್ಮನ ಕಥೆಯನ್ನು ಆ ಮನೆಯವರಿಗೆ ನಾವು ಹೇಳಬೇಕಾಗಿರಲಿಲ್ಲ. ಹಿರಿಯ ತಾಯಿಯೇ ಎತ್ತಿದರು. ಆಗ ನಾವು ಸೊಸೆಯನ್ನು ಕೇಳಿದೆವು: "ಒಲೆಯ ಮುಂದೆ ನಿಲ್ಲುವವಳು ನೀನು ತಾಯಿ, ನಿನ್ನ ಮಾತೇನು?" ಅವಳು ಸ್ವಲ್ಪ ತಡೆದು, "ಒಲೆಯ ಹಿಂದಷ್ಟೇ ಇರಲಿ ಬುದ್ಧಿ. ತಿಂಗಳಿಗೊಮ್ಮೆ ತಿಕ್ಕುವುದು ಇವರ ಪಾಲಿಗಿರಲಿ" ಎಂದಳು. ಹಿರಿಯ ತಾಯಿ ನಕ್ಕುಬಿಟ್ಟರು.

ಒಡೆಯದ ಪೆಟ್ಟಿಗೆಗಳನ್ನು ಅಂಗಡಿಯವರು ಒಂದಿಷ್ಟು ಹಣ ಹಿಡಿದು ವಾಪಸು ಪಡೆದರಂತೆ. ಈಚೆಗೆ ಮತ್ತೊಮ್ಮೆ ಹೋದಾಗ ನೋಡಿದೆವು. ಒಲೆಯ ಹಿಂದೆ ಮೂರಡಿ ತಾಮ್ರ, ಎರಡು ಬದಿಗೆ ಹಳೆಯ ಬಿಳಿಯ ಟೈಲ್ಸ್. ಬಾಣಲೆಯ ನೇರಕ್ಕಿದ್ದ ನಾಲ್ಕೈದು ಬಿಲ್ಲೆಗಳು ಕಪ್ಪಗಾಗಿದ್ದವು. ಕಟ್ಟೆಯ ಮೇಲೆ ಒಂದು ಬಟ್ಟಲಲ್ಲಿ ಹುಣಸೆಹಣ್ಣು ನೆನೆದಿತ್ತು. ಮಗನು ನಮ್ಮನ್ನು ಕಂಡು ತೋಳು ಮಡಿಚಿದ್ದ ಅಂಗಿಯನ್ನು ಸರಿಮಾಡಿಕೊಳ್ಳುತ್ತ ಶರಣಾರ್ಥಿ ಎಂದನು.