ನಿಮಗಿದು ಗೊತ್ತೆ? ಅಣೆಯ ಹಿನ್ನೀರೂ ಅಲಮೇಲಮ್ಮನ ಶಾಪವೂ

ಮಂಡ್ಯ ಸೀಮೆಯಲ್ಲಿ ನಾಲೆಯೆಂದರೆ ವಿಶ್ವೇಶ್ವರಯ್ಯ ನಾಲೆಯೇ ಮೊದಲು ನೆನಪಾಗುವುದಾದರೂ, ಕಾವೇರಿಗೆ ಅಣೆ, ಅಂದರೆ ಹೊಳೆಯ ನೀರನ್ನು ತಡೆದು ನಾಲೆಗೆ ತಿರುಗಿಸುವ ಅಡ್ಡಗಟ್ಟೆ, ಕಟ್ಟುವ ಪದ್ಧತಿ ಅದಕ್ಕಿಂತ ಶತಮಾನಗಳಷ್ಟು ಹಳೆಯದು. ಶ್ರೀರಂಗಪಟ್ಟಣದ ಸಮೀಪದ ರಂಗನತಿಟ್ಟಿನಲ್ಲಿ ಪ್ರವಾಸಿಗರ ದೋಣಿ ತೇಲುವುದು ಕಂಠೀರವ ನರಸರಾಜ ಒಡೆಯರು 1645-48ರ ಅವಧಿಯಲ್ಲಿ ಕಟ್ಟಿಸಿದರೆನ್ನಲಾದ ಅಣೆಯ ಹಿನ್ನೀರಿನಲ್ಲಿ. ಹಾಗೆ ನಿಂತ ನೀರಿನಿಂದ ಮೂಡಿದ ನಡುಗಡ್ಡೆಗಳೇ ಇಲ್ಲಿನ 'ತಿಟ್ಟು'ಗಳು. ಪಕ್ಷಿತಜ್ಞ ಸಲೀಂ ಅಲಿಯವರ ಒತ್ತಾಸೆಯಿಂದ 1940ರಲ್ಲಿ ಪಕ್ಷಿಧಾಮವಾದ ಈ ತಾಣದಲ್ಲಿ, ಬಂಡೆಯ ಮೇಲೆ ಬಾಯಿ ತೆರೆದು ಬಿಸಿಲು ಕಾಯಿಸುವ ಮೊಸಳೆಯ ಪಕ್ಕದಲ್ಲೇ ಅಂಬಿಗ ಹುಟ್ಟು ಹಾಕುತ್ತ ಕೊಕ್ಕರೆಗಳ ಗೂಡು ತೋರಿಸುತ್ತಾನೆ.

ಇದೇ ಹೊಳೆಯ ಕೆಳಭಾಗದ ಕಥೆ ಮಾತ್ರ ಮೈ ನಡುಗಿಸುವಂಥದು. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡ ಬಳಿಕ, ಒಡವೆಗಳಿಗಾಗಿ ಬೆನ್ನಟ್ಟಿ ಬಂದ ಸೈನಿಕರಿಂದ ತಪ್ಪಿಸಿಕೊಳ್ಳಲು ವಿಜಯನಗರದ ಪ್ರತಿನಿಧಿಯ ಪತ್ನಿ ಅಲಮೇಲಮ್ಮ ಮಾಲಂಗಿಯ ಬಳಿ ಕಾವೇರಿಗೆ ಹಾರಿದಳೆಂದೂ, ತಲಕಾಡು ಮರಳಲ್ಲಿ ಹೂತು, ಮಾಲಂಗಿ ಮಡುವಾಗಿ (ಮಡುವೆಂದರೆ ಹೊಳೆಯ ಆಳವಾದ, ಸುಳಿಯುಳ್ಳ ಗುಂಡಿ), ಮೈಸೂರು ದೊರೆಗಳಿಗೆ ಮಕ್ಕಳಾಗದಿರಲೆಂದು ಶಪಿಸಿದಳೆಂದೂ ಜನ ನಂಬುತ್ತಾರೆ. ತಲಕಾಡಿನ ಮರಳಿಗೆ ವಿಜ್ಞಾನಿ ಕೆ.ಎನ್. ಗಣೇಶಯ್ಯನವರು ಕೊಡುವ ಕಾರಣ ಬೇರೆ: ವಿಜಯನಗರದ ಕಾಲದ ಮಾಧವಮಂತ್ರಿ ಕಟ್ಟೆಯಿಂದ ಹೊಳೆಯ ಹರಿವು ಬದಲಾಗಿ, ಬಯಲಾದ ಮರಳನ್ನು ಗಾಳಿ ಊರಿನ ಮೇಲೆ ಹೊತ್ತು ತಂದಿತು. ಹೀಗೆ ನೋಡಿದರೆ ಶಾಪದ ಮೂಲವೂ ಒಂದು ಅಣೆಯೇ. ಅದರ ನಾಲೆಯ ನೀರಿನಲ್ಲಿ ಸುತ್ತಲಿನ ಗದ್ದೆಗಳು ಇಂದಿಗೂ ಭತ್ತ ಬೆಳೆಯುತ್ತಿವೆ.